ಗರಡಿ ಮತ್ತು ಕರಾಟೆ: ಕೊಪ್ಪಳ ಸೀಮೆಯ ಮೈಸಾಧನೆ

ಗುರುವಿನ ಕಣ್ಣೆದುರು, ಗೊತ್ತಾದ ಒಂದು ಜಾಗದಲ್ಲಿ, ವರ್ಷಗಟ್ಟಲೆ ಮೈ ಪಳಗಿಸಿಕೊಂಡು ಕಾದಾಟದ ವಿದ್ಯೆ ಕಲಿಯುವ ಪದ್ಧತಿ ಕೊಪ್ಪಳ, ಗಂಗಾವತಿ, ಕುಷ್ಟಗಿ ಮತ್ತು ಯಲಬುರ್ಗಾ ಸೀಮೆಯಲ್ಲಿ ಎರಡು ರೂಪಗಳಲ್ಲಿದೆ. ಹಳೆಯದು ಗರಡಿ ಮನೆಯ ಸಾಮು ಮತ್ತು ಕುಸ್ತಿ. ಹೊಸದು ಶಾಲೆಯ ಅಂಗಳ, ವಸತಿ ನಿಲಯ, ಬಾಡಿಗೆ ಸಭಾಂಗಣಗಳಲ್ಲಿ ನಡೆಯುವ ಕರಾಟೆ ತರಗತಿ. ಕರಾಟೆಯ ತವರು ಜಪಾನಿನ ದಕ್ಷಿಣದಲ್ಲಿರುವ ಒಕಿನಾವಾ ದ್ವೀಪ. ಅಲ್ಲಿನ ಹಳೆಯ ಸಾಧನಾಕ್ರಮಕ್ಕೂ ಇಲ್ಲಿನ ಗರಡಿಗೂ ಸಲಕರಣೆಯಲ್ಲಿ, ಗುರುಶಿಷ್ಯ ನಡಾವಳಿಯಲ್ಲಿ, ದೇಹವನ್ನು ಕುರಿತ ತಿಳಿವಳಿಕೆಯಲ್ಲಿ ಬೆರಗು ಹುಟ್ಟಿಸುವಷ್ಟು ಹೋಲಿಕೆ ಇದೆ. ಎರಡರ ಪಾಡು ಮಾತ್ರ ಬೇರೆಬೇರೆಯಾಯಿತು. ಒಂದು ಲೋಕವನ್ನೆಲ್ಲ ಸುತ್ತಿತು, ಇನ್ನೊಂದು ಹುಟ್ಟಿದ ಊರಿನಲ್ಲೇ ಆಸರೆ ಕಳೆದುಕೊಂಡಿತು. ಇದಕ್ಕೆ ಕಾರಣ ವಿದ್ಯೆಯ ಮೇಲುಕೀಳು ಆಗಿರಲಿಲ್ಲ. ಕಲಿಸುವ ಕ್ರಮವನ್ನು ಯಾರು, ಯಾವಾಗ, ಎಲ್ಲಿ ನೆಲೆಗೊಳಿಸಿದರು ಎಂಬುದೇ ಅದನ್ನು ತೀರ್ಮಾನಿಸಿತು.

ಸೀಮೆಯ ಹಿನ್ನೆಲೆ

ಕೊಪ್ಪಳ ಜಿಲ್ಲೆ 1997ರಲ್ಲಿ ರಾಯಚೂರು ಜಿಲ್ಲೆಯಿಂದ ಬೇರ್ಪಟ್ಟು ರಚನೆಯಾಯಿತು. ಮೊದಲಿಗಿದ್ದ ತಾಲ್ಲೂಕುಗಳು ಕೊಪ್ಪಳ, ಗಂಗಾವತಿ, ಕುಷ್ಟಗಿ, ಯಲಬುರ್ಗಾ ಈ ನಾಲ್ಕೇ. ಕುಕನೂರು, ಕನಕಗಿರಿ, ಕಾರಟಗಿ ಆಮೇಲೆ ಸೇರಿದವು. 1948ರ ಸೆಪ್ಟೆಂಬರ್‌ವರೆಗೆ ಈ ಭಾಗ ಹೈದರಾಬಾದ್ ನಿಜಾಮರ ಆಳ್ವಿಕೆಯಲ್ಲಿತ್ತು. ಗರಡಿಯ ಮಾತಿನಲ್ಲಿ ವಸ್ತಾದ (ಗುರು), ಪೈಲ್ವಾನ, ತಾಲೀಮು, ಖುರಾಕು ಎಂಬ ಮಾತುಗಳು ಪಟ್ಟು, ಮಟ್ಟಿ, ಸಾಮುಗಳ ಜೊತೆಗೆ ಸಹಜವಾಗಿ ಬೆರೆತಿರುವುದು ದಖ್ಖನಿನ ಈ ಚರಿತ್ರೆಯಿಂದ.

ತುಂಗಭದ್ರೆಯ ಎಡದಂಡೆಯ ಆನೆಗೊಂದಿ ಗಂಗಾವತಿ ತಾಲ್ಲೂಕಿನಲ್ಲಿದೆ. ಸುತ್ತಲಿನ ಬಂಡೆಗುಡ್ಡಗಳ ಪ್ರದೇಶವನ್ನು ಜನ ಕಿಷ್ಕಿಂಧೆಯೆಂದು ನಂಬುತ್ತಾರೆ. ವಾಲಿ ಸುಗ್ರೀವರು ಕೈಕೈ ಮಿಲಾಯಿಸಿದ ನೆಲ ಅದು. 575 ಮೆಟ್ಟಿಲುಗಳ ಅಂಜನಾದ್ರಿ ಬೆಟ್ಟ ಹನುಮ ಹುಟ್ಟಿದ ತಾಣವೆಂದು ಪೂಜೆಗೊಳ್ಳುತ್ತದೆ. ಕರ್ನಾಟಕದ ಗರಡಿಗಳಲ್ಲಿ ಹನುಮಪ್ಪನ ಮೂರ್ತಿಯೋ ಪಟವೋ ಇರುವುದು ವಾಡಿಕೆ. ಆ ದೇವರ ತವರೇ ತಮ್ಮದೆಂಬ ಹೆಮ್ಮೆ ಈ ಸೀಮೆಯವರದು.

ಇದಕ್ಕಿಂತ ಕಡಿಮೆ ನೆನೆಯಲಾಗುವ, ಆದರೆ ನನ್ನ ಎಣಿಕೆಯಲ್ಲಿ ಇನ್ನೂ ತೂಕದ ಸಂಗತಿ ಕೊಪ್ಪಳದ ಜೈನ ಪರಂಪರೆ. ಹಿಂದೆ ಕೊಪಣ ಎನಿಸಿಕೊಂಡಿದ್ದ ಈ ಊರು ದೊಡ್ಡ ಜೈನ ತೀರ್ಥ. ಅಲ್ಲಿನ ಗುಡ್ಡಗಳಲ್ಲಿ ಸಲ್ಲೇಖನ ಕೈಗೊಂಡವರ ಶಾಸನಗಳಿವೆ. ಜೈನ ಪುರಾಣದಲ್ಲಿ, 941ರಲ್ಲಿ ಪಂಪ ಬರೆದ ಆದಿಪುರಾಣದಲ್ಲೂ, ಭರತ ಬಾಹುಬಲಿಯರು ಸೈನ್ಯಗಳ ಸಾವುನೋವು ತಪ್ಪಿಸಲೆಂದು ಇಬ್ಬರೇ ಸೆಣಸುತ್ತಾರೆ. ಮೊದಲು ದೃಷ್ಟಿಯುದ್ಧ, ಆಮೇಲೆ ಜಲಯುದ್ಧ, ಕೊನೆಗೆ ಮಲ್ಲಯುದ್ಧ. ಮೂರರಲ್ಲೂ ಗೆದ್ದ ಬಾಹುಬಲಿ ಅಣ್ಣನನ್ನು ಮೇಲಕ್ಕೆತ್ತಿ ನೆಲಕ್ಕೆ ಅಪ್ಪಳಿಸದೆ ಇಳಿಸುತ್ತಾನೆ, ರಾಜ್ಯ ಬಿಟ್ಟು ತಪಸ್ಸಿಗೆ ನಡೆಯುತ್ತಾನೆ. ಗೆಲ್ಲುವ ಬಲವಿದ್ದೂ ಕೈ ತಡೆಯುವುದೇ ಬಲದ ತುದಿ ಎಂಬ ಈ ಅರಿವು ಕನ್ನಡ ನಾಡಿನ ಮಲ್ಲವಿದ್ಯೆಯ ಹಿಂದೆ ಸಾವಿರ ವರ್ಷದಿಂದ ನಿಂತಿದೆ. ಕರಾಟೆಯಲ್ಲಿ ಮೊದಲ ಏಟು ತನ್ನದಾಗಬಾರದು ಎಂಬ ಒಕಿನಾವಾದ ಗುರುಗಳ ನಿಯಮವನ್ನು ಕೊಪ್ಪಳದ ಹುಡುಗ ಹೊರಗಿನದೆಂದು ತಿಳಿಯಬೇಕಾಗಿಲ್ಲ.

ಕಲ್ಯಾಣದ ಚಾಲುಕ್ಯರ ಕಾಲದಲ್ಲಿ ಈ ಸೀಮೆ ಅವರ ರಾಜ್ಯದ ನಡುಭಾಗದಲ್ಲಿತ್ತು. ಯಲಬುರ್ಗಾ ಅವರ ಸಾಮಂತರಾದ ಸಿಂದರ ರಾಜಧಾನಿ. ಕುಕನೂರಿನ ಬಳಿಯ ಇಟಗಿಯಲ್ಲಿ 1112ರಲ್ಲಿ ಮಹಾದೇವ ದಂಡನಾಯಕ ಕಟ್ಟಿಸಿದ ಮಹಾದೇವ ದೇವಾಲಯ ಇಂದಿಗೂ ಇದೆ. ಚಾಲುಕ್ಯ ಮನೆತನದ ಮೂರನೆಯ ಸೋಮೇಶ್ವರ (ಆಳ್ವಿಕೆ 1127–1138) ಬರೆಸಿದ ಸಂಸ್ಕೃತ ಗ್ರಂಥ ಮಾನಸೋಲ್ಲಾಸದಲ್ಲಿ ಮಲ್ಲವಿನೋದಕ್ಕೆ ಒಂದು ಪ್ರಕರಣವೇ ಮೀಸಲಾಗಿದೆ. ಮಲ್ಲರನ್ನು ಮೈಕಟ್ಟು, ಬಲ, ವಯಸ್ಸಿಗೆ ತಕ್ಕಂತೆ ದರ್ಜೆಗಳಾಗಿ ವಿಂಗಡಿಸುವುದು, ಅವರಿಗೆ ಉದ್ದು, ಮಾಂಸ, ಹಾಲು ಮೊಸರುಗಳ ಆಹಾರ ಕೊಡುವುದು, ದಿನಬಿಟ್ಟು ದಿನ ಯಾವ ಸಾಧನೆ ಎಂದು ಗೊತ್ತುಪಡಿಸುವುದು, ಸಮಬಲದವರನ್ನೇ ಜೋಡಿ ಮಾಡುವುದು ಎಲ್ಲವೂ ಅಲ್ಲಿ ಬರುತ್ತದೆ. ಮಲ್ಲಗಂಬದ ಸಾಧನೆಯ ಉಲ್ಲೇಖವೂ ಉಂಟು.

ವಿಜಯನಗರ ಕಾಲದ ಚಿತ್ರ ಇನ್ನೂ ನಿಚ್ಚಳ. 1520ರ ಸುಮಾರಿಗೆ ಬಂದ ಪೋರ್ಚುಗೀಸ್ ಪ್ರವಾಸಿ ಡೊಮಿಂಗೊ ಪಾಯಸ್ ಕೃಷ್ಣದೇವರಾಯನ ಬೆಳಗಿನ ಸಾಧನೆಯನ್ನು ವಿವರಿಸಿದ್ದಾನೆ. ಬೆಳಕು ಹರಿಯುವ ಮೊದಲೇ ಎದ್ದು ಎಳ್ಳೆಣ್ಣೆ ಕುಡಿದು, ಮೈಗೆಲ್ಲ ಅದೇ ಎಣ್ಣೆ ತಿಕ್ಕಿಸಿಕೊಂಡು, ಸೊಂಟಕ್ಕೊಂದು ಸಣ್ಣ ಬಟ್ಟೆ ಕಟ್ಟಿ, ಮಣ್ಣಿನಿಂದ ಮಾಡಿದ ದೊಡ್ಡ ಭಾರಗಳನ್ನು ಎತ್ತುತ್ತಿದ್ದ. ಆಮೇಲೆ ಕತ್ತಿವರಸೆ. ಕುಡಿದ ಎಣ್ಣೆಯೆಲ್ಲ ಬೆವರಾಗಿ ಇಳಿಯುವವರೆಗೆ ಅದು ನಡೆಯುತ್ತಿತ್ತು. ನಂತರ ತನ್ನ ಮಲ್ಲರಲ್ಲೊಬ್ಬನ ಜೊತೆ ಕುಸ್ತಿ, ಕೊನೆಗೆ ಕುದುರೆ ಸವಾರಿ. ಮಹಾನವಮಿಯಲ್ಲಿ ನಡೆಯುತ್ತಿದ್ದ ಮಲ್ಲಕಾಳಗದಲ್ಲಿ ಹಲ್ಲು ಉದುರುವಂಥ, ಮುಖ ಕೆಡುವಂಥ ಹೊಡೆತಗಳಿರುತ್ತಿದ್ದವೆಂದೂ ಅವನು ಬರೆದಿದ್ದಾನೆ. ಕೆಲವು ವರ್ಷಗಳ ಬಳಿಕ ಬರೆದ ಫೆರ್ನಾವ್ ನೂನಿಜ್ ಅರಮನೆಯಲ್ಲಿ ಕುಸ್ತಿ ಆಡುವ ಹೆಂಗಸರೂ ಇದ್ದರೆಂದು ದಾಖಲಿಸಿದ್ದಾನೆ. ಹಂಪಿಯ ಮಹಾನವಮಿ ದಿಬ್ಬದ ಉಬ್ಬುಶಿಲ್ಪಗಳಲ್ಲಿ ಮಲ್ಲರ ಜೋಡಿಗಳನ್ನು ಈಗಲೂ ನೋಡಬಹುದು. ಆನೆಗೊಂದಿಯಿಂದ ಹೊಳೆ ದಾಟಿದರೆ ಅದೇ ಹಂಪಿ.

ಗರಡಿಯ ಒಳಗೆ

ಗರಡಿಯ ಜೀವ ಅದರ ಮಟ್ಟಿ, ಅಂದರೆ ಕುಸ್ತಿಯ ಮಣ್ಣು. ಕೊಪ್ಪಳ ಸೀಮೆಯಲ್ಲಿ ಎರಿ ನೆಲವೂ ಇದೆ, ಮಸಾರಿ ನೆಲವೂ ಇದೆ. ಎರಿ ಮಣ್ಣು ಒಣಗಿದರೆ ಬಿರಿಯುತ್ತದೆ, ನೆನೆದರೆ ಮೈಗಂಟುತ್ತದೆ. ಅದಕ್ಕೇ ಮಟ್ಟಿಗೆ ಕೆಂಪು ಮಣ್ಣನ್ನೇ ತಂದು, ಕಲ್ಲು ಹರಳು ಆರಿಸಿ, ಜರಡಿ ಹಿಡಿದು ತುಂಬುತ್ತಾರೆ. ಎಣ್ಣೆ, ಮಜ್ಜಿಗೆ, ಅರಿಸಿನ, ನಿಂಬೆರಸ ಬೆರೆಸಿ ಹದ ಮಾಡುತ್ತಾರೆ. ಹದಗೊಂಡ ಮಟ್ಟಿ ಬಿದ್ದ ಮೈಯನ್ನು ತಾಳಿಕೊಳ್ಳುತ್ತದೆ. ದಿನವೂ ಅದನ್ನು ಗುದ್ದಲಿಯಿಂದ ಅಗೆದು ಸಡಿಲಿಸುವುದು ಹುಡುಗರ ಕೆಲಸ. ಹೆಗಲು, ಬೆನ್ನು, ಸೊಂಟಕ್ಕೆ ಅದೇ ಮೊದಲ ಸಾಧನೆ. ಮಟ್ಟಿಗೆ ಇಳಿಯುವವರು ಚಪ್ಪಲಿ ಹೊರಗೆ ಬಿಟ್ಟು, ಕಾಲು ತೊಳೆದು, ಹನುಮಪ್ಪನಿಗೆ ಕೈಮುಗಿದು, ಚಿಟಿಕೆ ಮಣ್ಣನ್ನು ಹಣೆಗೆ ಹಚ್ಚಿಕೊಂಡು ವಸ್ತಾದರ ಕಾಲು ಮುಟ್ಟುತ್ತಾರೆ.

ಮೊದಲ ದಿನಗಳಲ್ಲಿ ಪಟ್ಟು ಕಲಿಸುವುದಿಲ್ಲ. ದಂಡ ಮತ್ತು ಬಸ್ಕಿಯೇ ಪಾಠ. ದಂಡ ಹೊಡೆಯುವಾಗ ಮೈ ಹಿಂದಿನಿಂದ ಮುಂದಕ್ಕೆ ಹಾವಿನಂತೆ ಇಳಿದು ಏಳಬೇಕು. ಉಸಿರು ಇಳಿತಕ್ಕೂ ಏರಿಗೂ ಹೊಂದಿಕೊಳ್ಳಬೇಕು. ಬಸ್ಕಿಯಲ್ಲಿ ತೊಡೆ ಮೊಣಕಾಲುಗಳು ಗಟ್ಟಿಯಾಗುತ್ತವೆ. ಎಷ್ಟು ಹೊಡೆದೆ ಎಂಬುದಕ್ಕಿಂತ ಉಸಿರು ಕೆಡದೆ ಹೊಡೆದೆಯಾ ಎಂದು ಕೇಳುವವರು ಒಳ್ಳೆಯ ವಸ್ತಾದರು. ಆಮೇಲೆ ಗದೆ ತಿರುವುವುದು, ಕರೇಲ ಎಂಬ ಮರದ ಸಲಕರಣೆ ಬೀಸುವುದು, ಹಗ್ಗ ಹತ್ತುವುದು, ಕೊರಳಿಗೆ ಕಲ್ಲಿನ ಬಳೆ ಹಾಕಿಕೊಂಡು ಬಸ್ಕಿ ಹೊಡೆಯುವುದು. ಪಟ್ಟುಗಳು ಜೋಡಿ ಹಿಡಿದಾಗಲೇ ಬರುತ್ತವೆ. ಹಿರಿಯ ಪೈಲ್ವಾನ ಕಿರಿಯನನ್ನು ತನ್ನ ಮೈಮೇಲೆ ಬಿಟ್ಟುಕೊಂಡು, ಎಲ್ಲಿ ಭಾರ ಹಾಕಬೇಕು, ಎಲ್ಲಿ ಬಿಡಬೇಕು ಎಂದು ಮೈಯಿಂದಲೇ ತಿಳಿಸುತ್ತಾನೆ. ಕೊನೆಗೆ ಎಣ್ಣೆ ತಿಕ್ಕಿ ಮಾಲೀಶು.

ಖುರಾಕಿಗೆ ಹಾಲು, ತುಪ್ಪ, ಬಾದಾಮಿ, ಮೊಟ್ಟೆ, ಮಾಂಸ, ಜೋಳದ ರೊಟ್ಟಿ. ಬಡ ರೈತರ, ಕೂಲಿಕಾರರ ಮನೆಯ ಹುಡುಗನಿಗೆ ಇಷ್ಟು ಒದಗಿಸಲು ಒಂದು ಮನೆಯಿಂದ ಆಗುತ್ತಿರಲಿಲ್ಲ. ಊರೇ ಪೈಲ್ವಾನನನ್ನು ಸಾಕುತ್ತಿತ್ತು. ಗೌಡರು, ಸಾಹುಕಾರರು, ಜಾತ್ರೆಯ ಪಂಚರು ನೆರವಾಗುತ್ತಿದ್ದರು. ಜಾತ್ರೆ, ಉರುಸು, ಹಬ್ಬಗಳ ಕುಸ್ತಿ ಕಣದಲ್ಲಿ ಹಲಗಿಯ ಸದ್ದಿಗೆ ಅವನು ಇಳಿದಾಗ ಊರ ಹೆಸರೇ ಅವನ ಮೈಮೇಲಿರುತ್ತಿತ್ತು. ಗೆದ್ದವನಿಗೆ ಬೆಳ್ಳಿ ಕಡ, ತೆಂಗಿನಕಾಯಿ, ರೊಕ್ಕ. ಒಂದೇ ಮಟ್ಟಿಯಲ್ಲಿ ಎಲ್ಲ ಜಾತಿ ಧರ್ಮದವರ ಬೆವರು ಬೀಳುತ್ತಿತ್ತು, ಹಿಂದೂ ಹುಡುಗನಿಗೆ ಮುಸ್ಲಿಂ ವಸ್ತಾದ, ಮುಸ್ಲಿಂ ಹುಡುಗನಿಗೆ ಲಿಂಗಾಯತ ವಸ್ತಾದ ಇರುವುದು ಉತ್ತರ ಕರ್ನಾಟಕದಲ್ಲಿ ಹೊಸತಲ್ಲ. ಈ ಗುಣಕ್ಕೆ ನಾವು ಕೊಡಬೇಕಾದಷ್ಟು ಬೆಲೆ ಕೊಟ್ಟಿಲ್ಲ.

ಒಕಿನಾವಾದ ಪರಂಪರೆ

ಒಕಿನಾವಾ ಹಿಂದೆ ರ್‍ಯುಕ್ಯು ಎಂಬ ಸ್ವತಂತ್ರ ರಾಜ್ಯ. 1429ರಲ್ಲಿ ಒಂದುಗೂಡಿದ ಆ ರಾಜ್ಯದ ರಾಜಧಾನಿ ಶುರಿ. ಚೀನಾದೊಡನೆ ಅದಕ್ಕೆ ವ್ಯಾಪಾರ, ಕಪ್ಪಕಾಣಿಕೆಯ ಸಂಬಂಧವಿತ್ತು. 1609ರಲ್ಲಿ ಜಪಾನಿನ ಸತ್ಸುಮಾ ಪಾಳೆಯದವರು ದಾಳಿಯಿಟ್ಟು ಅಂಕೆಯಲ್ಲಿರಿಸಿಕೊಂಡರು. 1879ರಲ್ಲಿ ಜಪಾನ್ ಅದನ್ನು ತನ್ನ ಪ್ರಾಂತವಾಗಿ ಸೇರಿಸಿಕೊಂಡಿತು. ಅಲ್ಲಿನ ನೆಲದ ಕೈಕಾಳಗದ ವಿದ್ಯೆ, ಚೀನಾದ ಫೂಜಿಯನ್ ಪ್ರಾಂತದಿಂದ ಬಂದ ವಿದ್ಯೆ ಎರಡೂ ಬೆರೆತು ಕರಾಟೆ ಬೆಳೆಯಿತು. ಶುರಿ, ನಾಹಾ, ತೊಮಾರಿ ಎಂಬ ಮೂರು ಊರುಗಳ ಹೆಸರಿನಲ್ಲಿ ಮೂರು ಪರಂಪರೆಗಳನ್ನು ಗುರುತಿಸುವುದು ರೂಢಿ.

ಆಯುಧ ಕಸಿದುಕೊಂಡಾಗ ರೈತರು ಗುಟ್ಟಾಗಿ ಕಟ್ಟಿದ ವಿದ್ಯೆ ಇದು ಎಂಬ ಕತೆ ಜನಪ್ರಿಯ. ಹೆಸರು ತಿಳಿದಿರುವ ಹಳೆಯ ಗುರುಗಳನ್ನು ನೋಡಿದರೆ ಆ ಕತೆ ನಿಲ್ಲುವುದಿಲ್ಲ. ಅವರಲ್ಲಿ ಹೆಚ್ಚಿನವರು ಅರಮನೆಯ ಊಳಿಗದವರು. ಮತ್ಸುಮುರಾ ಸೋಕೊನ್ ರಾಜರ ಅಂಗರಕ್ಷಕನಾಗಿದ್ದವನು. ಅವನ ಶಿಷ್ಯ ಇತೊಸು ಆಂಕೊ (1831–1915). ನಾಹಾದ ಹಿಗಾವೊನ್ನಾ ಕಾನ್‌ರ್‍ಯೊ (1853–1915) ಚೀನಾದ ಫೂಜೌನಲ್ಲಿ ಕಲಿತು ಬಂದ. ಅವನ ಶಿಷ್ಯ ಮಿಯಾಗಿ ಚೋಜುನ್ (1888–1953) ಗೋಜು ಪಂಥವನ್ನು ರೂಪಿಸಿದ.

ಹಿಗಾವೊನ್ನಾ ಹೊಸಬರಿಗೆ ಮೊದಲ ಮೂರು ವರ್ಷ ಸಾಂಚಿನ್ ಬಿಟ್ಟರೆ ಬೇರೇನನ್ನೂ ಕಲಿಸುತ್ತಿರಲಿಲ್ಲ ಎಂದು ಪರಂಪರೆ ಹೇಳುತ್ತದೆ. ಸಾಂಚಿನ್ ಎಂದರೆ ಕೆಲವೇ ಹೆಜ್ಜೆಗಳ, ನಿಧಾನದ ಒಂದು ವರಸೆ. ಕಾಲ್ಬೆರಳು ನೆಲ ಹಿಡಿದು, ತೊಡೆ ಬಿಗಿದು, ಬೆನ್ನು ನೆಟ್ಟಗಾಗಿ, ಉಸಿರು ಹೊಟ್ಟೆಯ ತಳದಿಂದ ಬರಬೇಕು. ಗುರು ಸುತ್ತ ನಡೆಯುತ್ತ ಹೆಗಲಿಗೆ, ಪಕ್ಕೆಗೆ, ತೊಡೆಗೆ ತಟ್ಟಿ ಬಿಗಿ ಎಲ್ಲಿ ತಪ್ಪಿದೆ ಎಂದು ಪರೀಕ್ಷಿಸುತ್ತಾನೆ. ಹೊಡೆಯಲು ಕಲಿಸುವ ಮೊದಲು ನಿಲ್ಲಲು ಕಲಿಸುವುದು ಅಲ್ಲಿನ ಕ್ರಮ. ದಂಡ ಬಸ್ಕಿಯಲ್ಲಿ ವರ್ಷ ಕಳೆದ ಗರಡಿಯ ಹುಡುಗನಿಗೆ ಇದರ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ.

ಕಲ್ಲು, ಜಾಡಿ, ಮರ

ಒಕಿನಾವಾದ ಸಲಕರಣೆಗಳನ್ನು ಗರಡಿಯವುಗಳ ಪಕ್ಕಕ್ಕಿಟ್ಟು ನೋಡುವುದು ನನಗೆ ಈ ವಿಷಯದ ಅತ್ಯಂತ ಸಂತೋಷದ ಭಾಗ. ಚಿ-ಇಶಿ ಎಂದರೆ ಮರದ ಹಿಡಿಗೆ ಕೂರಿಸಿದ ಕಲ್ಲು. ಭಾರವೆಲ್ಲ ಒಂದೇ ತುದಿಯಲ್ಲಿರುವುದರಿಂದ ತಿರುವುವಾಗ ಮಣಿಕಟ್ಟು, ಮುಂಗೈ, ಹೆಗಲಿನ ಕೀಲು ಎಲ್ಲಕ್ಕೂ ಒಟ್ಟಿಗೆ ಕೆಲಸ ಬೀಳುತ್ತದೆ. ನಮ್ಮ ಗದೆ ಕೆಲಸ ಮಾಡುವುದೂ ಇದೇ ತತ್ವದ ಮೇಲೆ. ಇಶಿ-ಸಾಶಿ ಎಂಬುದು ಬೀಗದ ಆಕಾರದಲ್ಲಿ ಕಡೆದ, ಹಿಡಿಯಿರುವ ಕಲ್ಲು. ಉತ್ತರ ಕರ್ನಾಟಕದ ಊರುಗಳಲ್ಲಿ ಹಿಡಿತಕ್ಕೆಂದು ಕೊರೆದ ಸಂಗ್ರಾಣಿ ಕಲ್ಲನ್ನು ಒಂಟಿಗೈಯಲ್ಲಿ ಎತ್ತುವವರಿಗೆ ಅದನ್ನು ಕೊಟ್ಟರೆ ಹೇಗೆ ಹಿಡಿಯಬೇಕೆಂದು ಕೇಳಲಾರರು. ನಿಗಿರಿ-ಗಾಮೆ ಎಂಬ ಮಣ್ಣಿನ ಜಾಡಿಗಳ ಬಾಯಂಚನ್ನು ಬೆರಳಿನಿಂದ ಹಿಡಿದೆತ್ತಿ ಹೆಜ್ಜೆ ಹಾಕಬೇಕು. ದಿನಗಳೆದಂತೆ ಒಳಗೆ ಮರಳು ತುಂಬುತ್ತ ಹೋಗುತ್ತಾರೆ. ಕೃಷ್ಣದೇವರಾಯ ಎತ್ತುತ್ತಿದ್ದ ಮಣ್ಣಿನ ಭಾರಗಳು ಇಲ್ಲಿ ನೆನಪಾಗುತ್ತವೆ.

ಮಿಯಾಗಿ 1934ರಲ್ಲಿ ಹವಾಯಿಗೆ ಹೋದಾಗ ಅಲ್ಲಿನ ಕುಸ್ತಿಪಟುಗಳು ಬಳಸುತ್ತಿದ್ದ ಕಬ್ಬಿಣದ ಉದ್ದನೆಯ ಉಂಗುರವನ್ನು ಕಂಡು, ಕೊಂಗೋಕೆನ್ ಎಂಬ ಹೆಸರಿನಲ್ಲಿ ತನ್ನ ಸಾಧನೆಗೆ ಸೇರಿಸಿಕೊಂಡ. ಪರಂಪರೆಯೆಂದು ನಾವು ಕರೆಯುವುದರಲ್ಲಿ ಹೀಗೆ ಕಣ್ತೆರೆದು ಎರವಲು ತಂದದ್ದೂ ಸೇರಿರುತ್ತದೆ.

ಹೋಲಿಕೆ ಒಂದು ಕಡೆ ನಿಲ್ಲುತ್ತದೆ. ನೆಲಕ್ಕೆ ನೆಟ್ಟ ಹಲಗೆಯ ತಲೆಗೆ ಹುಲ್ಲಿನ ಹಗ್ಗ ಸುತ್ತಿ ದಿನವೂ ಗುದ್ದುವ ಮಾಕಿವಾರಾ ಒಕಿನಾವಾ ಕರಾಟೆಯ ನಡುಗಂಬ. ಗರಡಿಯಲ್ಲಿ ಅದಕ್ಕೆ ಸಮನಾದದ್ದಿಲ್ಲ, ಏಕೆಂದರೆ ಇಂದಿನ ಕುಸ್ತಿಯಲ್ಲಿ ಏಟು ಇಲ್ಲ. ಮುಷ್ಟಿಯ ಕಾಳಗ ಕರ್ನಾಟಕದಲ್ಲಿ ಉಳಿದಿರುವುದು ಮೈಸೂರು ಅರಮನೆಯ ವಿಜಯದಶಮಿಯಂದು ಜಟ್ಟಿಗಳು ನಡೆಸುವ ವಜ್ರಮುಷ್ಟಿ ಕಾಳಗದಲ್ಲಿ ಮಾತ್ರ. ತಲೆಯಲ್ಲಿ ಮೊದಲ ರಕ್ತ ಕಂಡ ಕೂಡಲೇ ಅದನ್ನು ನಿಲ್ಲಿಸುತ್ತಾರೆ.

ವರಸೆ ಮತ್ತು ಜೋಡಿ

ಎರಡು ಪರಂಪರೆಗಳ ದಾರಿ ಕವಲೊಡೆಯುವುದು ಕಲಿತದ್ದನ್ನು ಎಲ್ಲಿ ಕಾಪಿಟ್ಟುಕೊಳ್ಳುತ್ತಾರೆ ಎಂಬಲ್ಲಿ. ಕರಾಟೆಯ ಭಂಡಾರ ಕಟಾ. ಹೊಡೆತ, ತಡೆ, ತಿರುವು, ಹಿಡಿತಗಳನ್ನು ಗೊತ್ತಾದ ಸಾಲಿನಲ್ಲಿ ಕೋದ ಒಂಟಿ ವರಸೆ ಅದು. ಒಬ್ಬನೇ, ಮನೆಯ ಹಿತ್ತಲಿನಲ್ಲಿ, ಯಾವ ಸಲಕರಣೆಯೂ ಇಲ್ಲದೆ ಅದನ್ನು ಮಾಡಬಹುದು. ಗರಡಿಯಲ್ಲಿ ಇಂಥ ಒಂಟಿ ವರಸೆಯಿಲ್ಲ. ಪಟ್ಟು ಉಳಿಯಬೇಕಾದರೆ ಎದುರಿಗೊಂದು ಮೈ ಬೇಕು, ಕೆಳಗೆ ಮಟ್ಟಿ ಬೇಕು, ಮೇಲೆ ವಸ್ತಾದನ ಕಣ್ಣು ಬೇಕು. ಊರಿನ ನಾಲ್ಕು ಹುಡುಗರು ದುಡಿಮೆಗೆಂದು ಬೆಂಗಳೂರಿಗೋ ಗೋವಾಕ್ಕೋ ಹೋದರೆ ಗರಡಿ ಬಾಗಿಲು ಹಾಕುತ್ತದೆ. ಮಳೆಯನ್ನೇ ನಂಬಿದ ಕುಷ್ಟಗಿ, ಯಲಬುರ್ಗಾ ಕಡೆಯ ಹಳ್ಳಿಗಳಿಂದ ವಲಸೆ ಹೆಚ್ಚು. ಗಂಗಾವತಿ, ಕಾರಟಗಿ ಕಡೆ ತುಂಗಭದ್ರಾ ಕಾಲುವೆ ಬಂದು ಭತ್ತದ ಸೀಮೆಯಾಗಿ, ಬೆಳಗಿನ ಮೈಬಲ ಅಕ್ಕಿ ಗಿರಣಿಯ ಚೀಲಗಳ ಕೆಳಗೆ ಹೋಯಿತು.

ಒಕಿನಾವಾದ ಕಷ್ಟ ಇದಕ್ಕಿಂತ ಸಣ್ಣದಾಗಿರಲಿಲ್ಲ. 1945ರ ಯುದ್ಧದಲ್ಲಿ ದ್ವೀಪ ನೆಲಸಮವಾಯಿತು, ಶುರಿಯ ಕೋಟೆ ಸುಟ್ಟುಹೋಯಿತು. ಮಿಯಾಗಿಯ ಹಿರಿಯ ಶಿಷ್ಯ ಶಿಂಜಾತೊ ಜಿನ್‌ಆನ್ ಆ ಯುದ್ಧದಲ್ಲಿ ಸತ್ತ. ಆದರೂ ಉಳಿದವರ ಮೈಯಲ್ಲಿ ಕಟಾಗಳು ಉಳಿದಿದ್ದವು.

ಇನ್ನೂ ದೊಡ್ಡ ಕಾರಣ ಇತೊಸು. ಅವನು 1905ರ ಹೊತ್ತಿಗೆ ಒಕಿನಾವಾದ ಶಾಲೆಯಲ್ಲಿ ಕರಾಟೆ ಕಲಿಸುತ್ತಿದ್ದ. ಹಳೆಯ ಉದ್ದದ ವರಸೆಗಳನ್ನು ಒಡೆದು ಮಕ್ಕಳಿಗೆ ತಕ್ಕ ಐದು ಚಿಕ್ಕ ವರಸೆಗಳನ್ನು ಹೊಂದಿಸಿದ, ಅವೇ ಪಿನಾನ್. 1908ರಲ್ಲಿ ಹತ್ತು ಅಂಶಗಳ ಪತ್ರವೊಂದನ್ನು ಬರೆದು ಪ್ರಾಥಮಿಕ ಶಾಲೆಯಿಂದಲೇ ಈ ಸಾಧನೆ ಶುರುವಾಗಬೇಕೆಂದು ವಾದಿಸಿದ. ಸೈನ್ಯಕ್ಕೆ ಉಪಯೋಗ ಎಂಬ ಆ ಕಾಲದ ಮಾತೂ ಅದರಲ್ಲಿದೆ, ಅದನ್ನು ಮುಚ್ಚಿಡಬೇಕಾಗಿಲ್ಲ. ಮಕ್ಕಳಿಗೆ ಅಪಾಯವಾಗುವ ಹಿಡಿತಗಳನ್ನು ಬದಿಗಿಟ್ಟದ್ದರಿಂದ ವಿದ್ಯೆ ತೆಳುವಾಯಿತು ಎಂದು ದೂರುವವರಿದ್ದಾರೆ. ಆ ದೂರಿನಲ್ಲಿ ಸತ್ಯವಿದೆ. ಆದರೆ ಶಾಲೆಗೆ ಹೋಗದೇ ಇದ್ದಿದ್ದರೆ ತೆಳುವಾಗಲೂ ಏನೂ ಉಳಿಯುತ್ತಿರಲಿಲ್ಲ ಎಂಬುದು ನಮ್ಮ ಗರಡಿಗಳನ್ನು ನೋಡಿದವರಿಗೆ ಗೊತ್ತು. ಕರ್ನಾಟಕದಲ್ಲಿ ಗರಡಿ ಅರಮನೆ, ಜಹಗೀರು, ಊರ ಪಂಚರ ಕೈಯಲ್ಲೇ ಉಳಿಯಿತು. ಆಶ್ರಯ ಕೊಟ್ಟವರು ಹೋದಾಗ ಅದನ್ನು ಎತ್ತಿಕೊಳ್ಳಲು ಶಾಲೆ ಸಿದ್ಧವಾಗಿರಲಿಲ್ಲ.

ಇತೊಸುವಿನ ಶಿಷ್ಯ, ಶಾಲಾ ಮಾಸ್ತರ ಫುನಾಕೊಶಿ ಗಿಚಿನ್ (1868–1957) 1922ರಲ್ಲಿ ಟೋಕಿಯೊಗೆ ಹೋಗಿ ಕರಾಟೆಯನ್ನು ಜಪಾನಿನ ಮುಖ್ಯನಾಡಿಗೆ ಪರಿಚಯಿಸಿದ. ಸೊಂಟಪಟ್ಟಿ, ದರ್ಜೆಗಳ ಪದ್ಧತಿ ಜೂಡೊದಿಂದ ಕರಾಟೆಗೆ ಬಂದದ್ದು ಅಲ್ಲಿ. ಫುನಾಕೊಶಿಯಿಂದ ಹೊರಟ ಶೋಟೊಕಾನ್ ಪಂಥ ಭಾರತದಲ್ಲೂ ಬಹಳ ಹಬ್ಬಿದೆ.

ಕರಾಟೆ ಈ ಕಡೆ ಬಂದದ್ದು

ಕರ್ನಾಟಕದ ಹುಡುಗರಿಗೆ ಕರಾಟೆಯ ಹುಚ್ಚು ಹಿಡಿಸಿದ್ದು ಸಿನಿಮಾ. 1973ರ ಎಂಟರ್ ದಿ ಡ್ರ್ಯಾಗನ್ ಚಿತ್ರದ ಬ್ರೂಸ್ ಲೀಯದು ಕರಾಟೆ ಅಲ್ಲ, ಚೀನಾದ ಮೂಲದ ವಿದ್ಯೆ. ಆದರೂ ಅವನ ಹೆಸರಿನಲ್ಲೇ ತರಗತಿಗಳು ಹುಟ್ಟಿಕೊಂಡವು. ಕನ್ನಡದಲ್ಲಿ ನಟ ಶಂಕರ್‌ನಾಗ್ ಕರಾಟೆ ಕಿಂಗ್ ಎಂದೇ ಹೆಸರಾದರು, ಆಟೋಗಳ ಮೇಲಿನ ಅವರ ಚಿತ್ರದ ಜೊತೆಗೆ ಆ ಬಿರುದೂ ಹಳ್ಳಿ ಹಳ್ಳಿಗೆ ಹೋಯಿತು.

ಕರಾಟೆ ಮೂಲತಃ ಭಾರತದ್ದೇ, ದಕ್ಷಿಣದ ಬೋಧಿಧರ್ಮ ಶಾವೊಲಿನ್‌ಗೆ ಒಯ್ದ ವಿದ್ಯೆ ಎಂಬ ಮಾತು ತರಗತಿಗಳಲ್ಲಿ ಆಗಾಗ ಕೇಳಿಬರುತ್ತದೆ. ಬೋಧಿಧರ್ಮ ಮೈಸಾಧನೆ ಕಲಿಸಿದನೆಂದು ಹೇಳುವ ಚೀನೀ ಗ್ರಂಥ 17ನೆಯ ಶತಮಾನದ್ದು, ಅವನ ಕಾಲಕ್ಕಿಂತ ಸಾವಿರ ವರ್ಷ ಈಚಿನದು. ಚರಿತ್ರೆಯಾಗಿ ಅದನ್ನು ಒಪ್ಪಲಾಗದು. ನಮ್ಮ ಗರಡಿಯ ಹಿರಿಮೆಗೆ ಆ ಎರವಲು ಕೀರ್ತಿಯೂ ಬೇಕಿಲ್ಲ.

ಕರಾಟೆ ಇಲ್ಲಿ ನಿಜವಾಗಿ ಕೆಲಸಕ್ಕೆ ಬಂದಿರುವುದು ಹೆಣ್ಣುಮಕ್ಕಳಿಗೆ. ಅರಮನೆಯಲ್ಲಿ ಕುಸ್ತಿಯ ಹೆಂಗಸರಿದ್ದರೆಂದು ನೂನಿಜ್ ಬರೆದಿದ್ದರೂ ಊರ ಗರಡಿ ಹೆಂಗಸರಿಗೆ ಬಾಗಿಲು ತೆರೆಯಲಿಲ್ಲ. ಮಟ್ಟಿಗೆ ಹೆಣ್ಣು ಕಾಲಿಡಬಾರದೆಂಬ ಕಟ್ಟಳೆ ಬಹಳ ಕಾಲ ನಡೆಯಿತು, ಅದು ಗರಡಿಯ ದೊಡ್ಡ ಕೊರತೆ. ಇಂದು ಸರ್ಕಾರಿ ಶಾಲೆಯ ಹುಡುಗಿಯರಿಗೆ ಸಮಗ್ರ ಶಿಕ್ಷಣದಡಿ ರಾಣಿ ಲಕ್ಷ್ಮೀಬಾಯಿ ಆತ್ಮರಕ್ಷಣಾ ತರಬೇತಿ ಇದೆ. ವಸತಿ ಶಾಲೆ, ಹಾಸ್ಟೆಲುಗಳ ಹೆಣ್ಣುಮಕ್ಕಳಿಗೆ ರಾಜ್ಯ ಸರ್ಕಾರದ ಓಬವ್ವ ಆತ್ಮರಕ್ಷಣಾ ಕಲೆಯ ತರಬೇತಿ ಇದೆ. ಎರಡರಲ್ಲೂ ಹೆಚ್ಚಾಗಿ ಕಲಿಸುವುದು ಕರಾಟೆ. ಚಿತ್ರದುರ್ಗದ ಓಬವ್ವ ಹಿಡಿದದ್ದು ಅಡುಗೆಮನೆಯ ಒನಕೆ. ದಿನಬಳಕೆಯ ವಸ್ತು ಹೀಗೆ ಆಯುಧವಾಗುವುದು ಅಲ್ಲೂ ಉಂಟು, ಒಕಿನಾವಾದ ಆಯುಧವಿದ್ಯೆಯಲ್ಲಿ ಮೀನುಗಾರರ ದೋಣಿಯ ಹುಟ್ಟಿಗೂ ಜಾಗವಿದೆ. ಶೋಟೊಕಾನ್ ತರಗತಿಯಾಗಿದ್ದರೆ ಯಲಬುರ್ಗಾದ ಹಾಸ್ಟೆಲಿನ ಹುಡುಗಿ ಸಾಮಾನ್ಯವಾಗಿ ಮೊದಲು ಕಲಿಯುವ ಕಟಾ ಹೆಯಾನ್, ಅಂದರೆ ಇತೊಸು ಶಾಲಾ ಮಕ್ಕಳಿಗೆಂದು ಹೊಂದಿಸಿದ ಪಿನಾನ್ ವರಸೆಯೇ.

ತರಬೇತಿ ಕೆಲವೇ ತಿಂಗಳದ್ದು. ಅಷ್ಟರಲ್ಲಿ ಕೈಕಾಲಿಗೆ ಒಂದು ಪರಿಚಯ, ಮನಸ್ಸಿಗೆ ಒಂದು ಧೈರ್ಯ ಸಿಗುತ್ತದೆ, ಸಾಧನೆ ಸಿಗುವುದಿಲ್ಲ. ಮುಂದುವರಿಸಲು ಊರಿನಲ್ಲೇ ಜಾಗ ಮತ್ತು ಗುರು ಬೇಕು. ಮುಚ್ಚಿರುವ ಗರಡಿ ಮನೆಗಳನ್ನು ಬೆಳಿಗ್ಗೆ ಒಂದು ಹೊತ್ತು ಹುಡುಗಿಯರಿಗೆ ತೆರೆದುಕೊಡುವುದು ಪಂಚಾಯಿತಿಗಳಿಗೆ ಅಸಾಧ್ಯವಾದ ಕೆಲಸವಲ್ಲ.

ಇಂದಿನ ಸ್ಥಿತಿ

ಎರಡೂ ಕಡೆ ಪಂದ್ಯದ ನಿಯಮಗಳು ಸಾಧನೆಯ ರೂಪ ಬದಲಿಸಿವೆ. ಮಟ್ಟಿಯ ಕುಸ್ತಿಯಲ್ಲಿ ಎದುರಾಳಿಯನ್ನು ಚಿತ್ ಮಾಡಿದರೆ ಮಾತ್ರ ಗೆಲುವು. ಮ್ಯಾಟ್ ಕುಸ್ತಿಯಲ್ಲಿ ಮೂರು ನಿಮಿಷದ ಎರಡು ಸುತ್ತು, ಅಂಕ, ತೂಕದ ವಿಭಾಗ. ಮಣ್ಣಿನಲ್ಲಿ ನಿಧಾನವಾಗಿ ಭಾರ ಹಾಕಿ ದಣಿಸಿ ಗೆಲ್ಲುವುದನ್ನು ಕಲಿತವನು ಮ್ಯಾಟ್ ಮೇಲೆ ತಡಬಡಿಸುತ್ತಾನೆ. ಕರಾಟೆ 2021ರಲ್ಲಿ ನಡೆದ ಟೋಕಿಯೊ ಒಲಿಂಪಿಕ್ಸ್‌ನಲ್ಲಿ ಒಮ್ಮೆ ಸೇರಿತು. ಪುರುಷರ ಕಟಾ ವಿಭಾಗದ ಚಿನ್ನ ಒಕಿನಾವಾದ ಕಿಯುನಾ ರ್‍ಯೊ ಪಾಲಾಯಿತು. 2024ರ ಪ್ಯಾರಿಸ್ ಕೂಟದಲ್ಲಿ ಕರಾಟೆ ಇರಲಿಲ್ಲ. ಒಕಿನಾವಾ ತನ್ನ ಸಾಧನಾಕ್ರಮವನ್ನು ಪಂದ್ಯದ ಕರಾಟೆಯಿಂದ ಬೇರೆಯಾಗಿಯೇ ಪೋಷಿಸುತ್ತಿದೆ. ಪ್ರಾಂತದ ಸರ್ಕಾರ 2017ರಲ್ಲಿ ಅದಕ್ಕೆಂದೇ ಕರಾಟೆ ಭವನ ತೆರೆದಿದೆ, ಅಕ್ಟೋಬರ್ 25ನ್ನು ಕರಾಟೆ ದಿನವಾಗಿ ಆಚರಿಸುತ್ತದೆ.

ಕರ್ನಾಟಕದಲ್ಲಿ ಕುಸ್ತಿಯ ಬಲ ಬೆಳಗಾವಿ, ಬಾಗಲಕೋಟೆ, ಧಾರವಾಡ, ದಾವಣಗೆರೆ, ಮೈಸೂರುಗಳಲ್ಲಿ ಹೆಚ್ಚು. 1959ರಲ್ಲಿ ಹಿಂದ್ ಕೇಸರಿ ಎಂಬ ಕುಸ್ತಿ ಬಿರುದು ಗೆದ್ದ ಶ್ರೀಪತಿ ಖಂಚನಾಳೆ ಬೆಳಗಾವಿ ಜಿಲ್ಲೆಯ ಯಕ್ಸಂಬಾದವರು. ರಾಜ್ಯದ ಯುವ ಸಬಲೀಕರಣ ಮತ್ತು ಕ್ರೀಡಾ ಇಲಾಖೆ ಮಾಜಿ ಪೈಲ್ವಾನರಿಗೆ ಮಾಸಾಶನ ಕೊಡುತ್ತದೆ, ಗರಡಿ ಕಟ್ಟಡಗಳಿಗೆ ಅನುದಾನವೂ ಉಂಟು. ಕಟ್ಟಡಕ್ಕೆ ಬರುವ ಹಣ ವಸ್ತಾದನ ಸಂಬಳಕ್ಕೆ, ಹುಡುಗರ ಖುರಾಕಿಗೆ ಬಂದರೆ ಹೆಚ್ಚು ಉಪಯೋಗ. ಹೊಳೆಯಾಚೆಯ ಹಂಪಿ ಉತ್ಸವದಲ್ಲಿ ಕುಸ್ತಿಯ ಜೊತೆ ಗುಂಡು ಎತ್ತುವ, ಬಂಡಿಯ ಗಾಲಿ ಕಳಚಿ ಜೋಡಿಸುವ ಸ್ಪರ್ಧೆಗಳೂ ನಡೆಯುತ್ತವೆ, ಅವನ್ನು ನೋಡಲು ಹಳ್ಳಿಗಳಿಂದ ಜನ ಬರುತ್ತಾರೆ.